ತಾಯಿ ಕಟ್ಟಿದ ತಾಯಿತ

ಚಲನಚಿತ್ರದ ಇತಿಹಾಸ ಬರೆದವರು ಎಲಿಯೊನೊರಾ ಡೂಸೆಯ ಹೆಸರು ಬಂದಾಗ ಸಾಮಾನ್ಯವಾಗಿ ಒಂದೆರಡು ಸಾಲಿಗಿಂತ ಹೆಚ್ಚು ಖರ್ಚು ಮಾಡುವುದಿಲ್ಲ. ಇಟಲಿಯ ರಂಗಭೂಮಿಯ ಮಹಾನಟಿ, ಒಂದೇ ಒಂದು ಮೂಕಿ ಚಿತ್ರದಲ್ಲಿ ಅಭಿನಯಿಸಿದಳು, ಅದು ಜನಕ್ಕೆ ಹಿಡಿಸಲಿಲ್ಲ, ಅಷ್ಟೇ. ಮುಂದಿನ ಪುಟದಲ್ಲಿ ಬೇರೆ ಹೆಸರುಗಳು ಮೆರವಣಿಗೆ ಹೊರಡುತ್ತವೆ. ಆದರೆ ಆ ಒಂದು ಚಿತ್ರವನ್ನು ನೋಡಿದ ಮೇಲೆ ನನಗೆ ಈ ಒಂದೆರಡು ಸಾಲಿನ ತೀರ್ಪು ಒಪ್ಪಿಗೆಯಾಗಲಿಲ್ಲ. ಚಿತ್ರದ ಹೆಸರು 'ಚೆನೆರೆ'. ಇಟಾಲಿಯನ್ ಭಾಷೆಯಲ್ಲಿ ಹಾಗೆಂದರೆ ಬೂದಿ. 1916ರಲ್ಲಿ ತಯಾರಾದ ಚಿತ್ರ. ನಲವತ್ತು ನಿಮಿಷವೂ ಇಲ್ಲ. ಆ ಕಾಲದ ನೂರಾರು ಚಿತ್ರಗಳು ಹೇಳಹೆಸರಿಲ್ಲದಂತೆ ನಾಶವಾಗಿಹೋದರೂ ಇದು ಹೇಗೋ ಉಳಿದುಕೊಂಡಿದೆ. ಈಗ ಮನೆಯ ಕಂಪ್ಯೂಟರಿನಲ್ಲೇ ನೋಡಬಹುದು. ಮಾತಿಲ್ಲದ ಚಿತ್ರವಾದ್ದರಿಂದ ಭಾಷೆ ಬಾರದವರಿಗೂ ಅಡ್ಡಿಯಿಲ್ಲ. ನನ್ನ ಮಗಳು ಅದನ್ನು ಹುಡುಕಿ ಹಾಕಿಕೊಟ್ಟಾಗ ನಾನು ಕಾಳು ಆರಿಸುತ್ತಾ ಕುಳಿತಿದ್ದೆ. ಹತ್ತು ನಿಮಿಷವಾಗುವಷ್ಟರಲ್ಲಿ ಮೊರ ಪಕ್ಕಕ್ಕೆ ಸರಿದಿತ್ತು.

ಡೂಸೆ ಹುಟ್ಟಿದ್ದು 1858ರಲ್ಲಿ, ಉತ್ತರ ಇಟಲಿಯ ವಿಜೆವಾನೊ ಎಂಬ ಊರಿನಲ್ಲಿ. ಊರಿನಲ್ಲಿ ಎನ್ನುವುದಕ್ಕಿಂತ ದಾರಿಯಲ್ಲಿ ಎನ್ನಬೇಕೇನೋ! ಏಕೆಂದರೆ ಆಕೆಯದು ಊರೂರು ತಿರುಗುವ ನಾಟಕದವರ ಮನೆತನ. ಅಜ್ಜನೂ ನಟ, ತಂದೆಯೂ ನಟ. ನಾಲ್ಕು ವರ್ಷದ ಮಗುವಾಗಿದ್ದಾಗಲೇ ರಂಗಕ್ಕೆ ತಳ್ಳಿದ್ದರು. ಹದಿನಾಲ್ಕನೆಯ ವಯಸ್ಸಿಗೆ ವೆರೋನಾ ನಗರದಲ್ಲಿ ಜೂಲಿಯೆಟ್ ಪಾತ್ರ ಮಾಡಿದಳು. ಹರೆಯದಲ್ಲೇ ತಾಯಿಯನ್ನು ಕಳೆದುಕೊಂಡಳು. ಶಾಲೆಯ ಮೆಟ್ಟಿಲು ಹತ್ತುವ ಅವಕಾಶ ಇಂಥ ಮಕ್ಕಳಿಗೆ ಎಲ್ಲಿಂದ ಬರಬೇಕು? 1879ರಲ್ಲಿ ನೇಪಲ್ಸಿನ ರಂಗಮಂದಿರದಲ್ಲಿ ಜೋಲಾನ 'ತೆರೆಸ್ ರಾಕೆನ್' ನಾಟಕದಿಂದ ಆಕೆಯ ಹೆಸರು ಎದ್ದಿತು. ಅದೇ ಊರಿನಲ್ಲಿ ಒಬ್ಬ ಪತ್ರಕರ್ತನನ್ನು ನಂಬಿ, ಮದುವೆಯಿಲ್ಲದೆ ಬಸಿರಾಗಿ, ಅವನು ಕೈಬಿಟ್ಟ ಮೇಲೆ ಒಂಟಿಯಾಗಿ ಹೆತ್ತಳು. ಆ ಮಗು ಉಳಿಯಲಿಲ್ಲ. ಈ ಸಂಗತಿಯನ್ನು ಓದುಗರು ನೆನಪಿನಲ್ಲಿಡಬೇಕು. ಚಿತ್ರದ ಮಾತು ಬಂದಾಗ ಅದು ಬೇಕಾಗುತ್ತದೆ.

ಆಮೇಲಿನದು ಕೀರ್ತಿಯ ಕಥೆ. ಯುರೋಪು, ರಷ್ಯಾ, ಅಮೆರಿಕ ಎಲ್ಲ ಕಡೆ ಡೂಸೆಯ ನಾಟಕಗಳಿಗೆ ಜನ ಮುಗಿಬಿದ್ದರು. ಆಗಿನ ಇನ್ನೊಬ್ಬ ಮಹಾನಟಿ ಫ್ರಾನ್ಸಿನ ಸಾರಾ ಬರ್ನಾರ್ಡ್. ಇಬ್ಬರೂ 1895ರ ಜೂನ್ ತಿಂಗಳಲ್ಲಿ ಲಂಡನ್ನಿನಲ್ಲಿ ಒಂದೇ ನಾಟಕದ ಒಂದೇ ಪಾತ್ರವನ್ನು ಕೆಲವೇ ದಿನಗಳ ಅಂತರದಲ್ಲಿ ಅಭಿನಯಿಸಿದರು. ಅದು ಜರ್ಮನ್ ನಾಟಕಕಾರ ಸೂಡರ್‌ಮನ್ನನ ಮಾಗ್ದಾ. ಆಗ ಪತ್ರಿಕೆಗೆ ರಂಗವಿಮರ್ಶೆ ಬರೆಯುತ್ತಿದ್ದ ಬರ್ನಾರ್ಡ್ ಷಾ ಇಬ್ಬರನ್ನೂ ನೋಡಿ ಡೂಸೆಯ ಕಡೆಗೆ ತಮ್ಮ ತೀರ್ಪು ಕೊಟ್ಟರು. ಹಳೆಯ ಪ್ರಿಯಕರನನ್ನು ಎದುರಾದ ಗಳಿಗೆಯಲ್ಲಿ ಡೂಸೆಯ ಮುಖ ನಿಜವಾಗಿಯೇ ಕೆಂಪಾಯಿತು ಎಂಬುದು ಅವರನ್ನು ಬೆರಗುಗೊಳಿಸಿದ್ದ ಸಂಗತಿ. ಬಣ್ಣ ಬಳಿದ ಮುಖದಲ್ಲಿ ನಾಚಿಕೆ ಹೇಗೆ ಕಂಡೀತು? ಡೂಸೆ ಬಣ್ಣವನ್ನು ಆದಷ್ಟು ದೂರವಿಟ್ಟವಳು. ಹೆಂಗಸಿನ ಮುಖದ ಮೇಲೆ ಬದುಕು ಎಳೆದ ಗೆರೆಗಳನ್ನು ಅಳಿಸಬಾರದು ಎಂಬುದು ಆಕೆಯ ನಂಬಿಕೆಯಾಗಿತ್ತು ಎಂದು ಆಕೆಯ ಅಭಿನಯದ ರೀತಿಯಿಂದಲೇ ತಿಳಿಯುತ್ತದೆ.

1909ರಲ್ಲಿ ಡೂಸೆ ರಂಗಭೂಮಿಯಿಂದ ಹಿಂದೆ ಸರಿದಳು. ಆಗ ಐವತ್ತು ವರ್ಷ. ಆರೋಗ್ಯ ಕೆಟ್ಟಿತ್ತು. ಕವಿ ದಾನುಂತ್ಸಿಯೊನ ಜೊತೆಗಿನ ದೀರ್ಘ ಸಂಬಂಧ ಮುರಿದು ಐದು ವರ್ಷವಾಗಿತ್ತು. ಆತನ ನಾಟಕಗಳಿಗಾಗಿ ತನ್ನ ಹಣ, ಹೆಸರು ಎರಡನ್ನೂ ಸುರಿದವಳು ಈಕೆ. ಆತನಾದರೋ 1900ರಲ್ಲಿ ಪ್ರಕಟಿಸಿದ 'ಇಲ್ ಫುವೊಕೊ' ಎಂಬ ಕಾದಂಬರಿಯಲ್ಲಿ, ವಯಸ್ಸಾಗುತ್ತಿರುವ ನಟಿಯೊಬ್ಬಳ ಪಾತ್ರದ ಮೂಲಕ ಈಕೆಯನ್ನು ಇಡೀ ಯುರೋಪಿನ ಎದುರು ತೆರೆದಿಟ್ಟುಬಿಟ್ಟ. ಡೂಸೆ ಬಹಿರಂಗವಾಗಿ ಜಗಳ ತೆಗೆಯಲಿಲ್ಲ. ರಂಗ ಬಿಟ್ಟ ಮೇಲೆ 1914ರಲ್ಲಿ ರೋಮಿನಲ್ಲಿ ನಟಿಯರಿಗೆಂದೇ ಒಂದು ವಾಚನಾಲಯ ತೆರೆದಳು. ಊರೂರು ತಿರುಗುವ ನಾಟಕದ ಹೆಣ್ಣುಮಕ್ಕಳು ಬಂದು ಕೂತು ಓದಲಿ, ನಾಲ್ಕು ಒಳ್ಳೆಯ ಮಾತಾಡಲಿ ಎಂಬ ಆಸೆ. ಯುದ್ಧ ಬಂದು ಮರುವರ್ಷವೇ ಅದು ಮುಚ್ಚಿಹೋಯಿತು. ಮೇಷ್ಟರ ಕೆಲಸದಲ್ಲಿ ಜೀವ ಸವೆಸಿದ ನನ್ನಂಥವಳಿಗೆ ಆಕೆಯ ಎಲ್ಲ ಪಾತ್ರಗಳಿಗಿಂತ ಈ ಮುಚ್ಚಿದ ವಾಚನಾಲಯವೇ ಮೊದಲು ಪ್ರೀತಿ ಹುಟ್ಟಿಸಿತು. ತನಗೆ ಸಿಗದಿದ್ದ ಶಾಲೆಯನ್ನು ಇತರರಿಗೆ ಕಟ್ಟಿಕೊಡಲು ಹೊರಟವಳಲ್ಲವೇ ಆಕೆ!

ಆ ಹೊತ್ತಿಗೆ ಇಟಲಿಯಲ್ಲಿ ಸಿನಿಮಾ ದೊಡ್ಡ ಉದ್ಯಮವಾಗಿ ಬೆಳೆದಿತ್ತು. ಅದರ ಮುಖ್ಯ ಕೇಂದ್ರ ತುರಿನ್ ಪಟ್ಟಣ. 1914ರಲ್ಲಿ ಅಲ್ಲಿ ತಯಾರಾದ ಪಾಸ್ತ್ರೋನೆಯ 'ಕಬೀರಿಯಾ' ಜಗತ್ತನ್ನೇ ಬೆರಗುಗೊಳಿಸಿತ್ತು. ತೆರೆಯ ಮೇಲೆ ಆಗ ಆಳುತ್ತಿದ್ದವರು ಲೀದಾ ಬೊರೆಲ್ಲಿ, ಫ್ರಾಂಚೆಸ್ಕಾ ಬೆರ್ತಿನಿ, ಪೀನಾ ಮೆನಿಕೆಲ್ಲಿ ಮುಂತಾದ ಸುಂದರಿಯರು. ಇಟಲಿಯ ಜನ ಅವರನ್ನು 'ದೀವಾ' ಎಂದು ಕರೆದರು. ದೇವಿ ಎಂಬ ನಮ್ಮ ಮಾತಿಗೆ ಬಹಳ ಹತ್ತಿರದ ಶಬ್ದ. ರೇಷ್ಮೆ ಗೌನು, ಗರಿಯ ಟೋಪಿ, ಹೂದಾನಿಯ ಪಕ್ಕ ಬಳುಕಿ ನಿಲ್ಲುವ ಭಂಗಿ, ಕೊನೆಗೆ ಪ್ರೇಮಕ್ಕಾಗಿ ಸಾವು. ಇದು ದೀವಾ ಚಿತ್ರಗಳ ಹದ. ಇವರಲ್ಲಿ ಬೆರ್ತಿನಿ ಮಾತ್ರ 1915ರ 'ಅಸ್ಸುಂತಾ ಸ್ಪೀನಾ' ಚಿತ್ರದಲ್ಲಿ ನೇಪಲ್ಸಿನ ಬಡ ಹೆಂಗಸಾಗಿ ಬೀದಿಗಿಳಿದು ಬೇರೆ ದಾರಿ ತೋರಿಸಿದ್ದಳು.

ಫೆಬೊ ಮಾರಿ ಈ ಲೋಕದ ಮನುಷ್ಯ. ಸಿಸಿಲಿಯ ಮೆಸ್ಸೀನಾದಲ್ಲಿ ಹುಟ್ಟಿದವನು. ನಿಜವಾದ ಹೆಸರು ಅಲ್ಫ್ರೆದೊ ರೊದ್ರಿಗೆಸ್. ನಾಟಕದಿಂದ ಬಂದು ನಟನೆ, ಬರವಣಿಗೆ, ನಿರ್ದೇಶನ ಮೂರನ್ನೂ ಮಾಡುತ್ತಿದ್ದ. ಪಾಸ್ತ್ರೋನೆ ತೆಗೆದ 'ಇಲ್ ಫುವೊಕೊ' ಎಂಬ ಚಿತ್ರದಲ್ಲಿ ಮೆನಿಕೆಲ್ಲಿಯ ಎದುರು, ಪ್ರೇಮದಲ್ಲಿ ಬೆಂದು ಹಾಳಾಗುವ ಬಡ ಚಿತ್ರಕಾರನ ಪಾತ್ರ ಮಾಡಿ ಹೆಸರಾಗಿದ್ದ. ಡೂಸೆಯನ್ನು ನೋಯಿಸಿದ ಕಾದಂಬರಿಯ ಹೆಸರೇ ಈ ಚಿತ್ರಕ್ಕೂ ಇತ್ತು ನೋಡಿ! ಮುಂದೆ 'ಇಲ್ ಫಾವುನೊ', 'ಅತ್ತೀಲಾ' ಮುಂತಾದ ಚಿತ್ರಗಳನ್ನು ತಾನೇ ನಿರ್ದೇಶಿಸಿ, 1939ರಲ್ಲಿ ತೀರಿಕೊಂಡ. ಅವನ ಬಾಳಿನ ದೊಡ್ಡ ಕೆಲಸ ಯಾವುದೆಂದರೆ, ಐವತ್ತೆಂಟು ವರ್ಷದ ಡೂಸೆ ಮೊದಲ ಬಾರಿ ಕ್ಯಾಮರಾದ ಎದುರು ಬಂದು ನಿಂತಾಗ ಆಕೆಗೆ ಬೇಕಾದಷ್ಟು ಜಾಗ ಬಿಟ್ಟುಕೊಟ್ಟದ್ದು ಎಂದೇ ನಾನು ಹೇಳುತ್ತೇನೆ. ತುರಿನ್ನಿನ ಅಂಬ್ರೋಸಿಯೊ ಕಂಪನಿಗಾಗಿ 'ಚೆನೆರೆ' ತಯಾರಾಯಿತು. ನಿರ್ದೇಶನ ಮಾರಿಯದು, ಮಗನ ಪಾತ್ರವೂ ಅವನದೇ. ಚಿತ್ರಕಥೆಯನ್ನು ಮಾತ್ರ ಅವನೂ ಡೂಸೆಯೂ ಕೂಡಿ ಬರೆದರು. ನಟಿಯರನ್ನು ಗೊಂಬೆಗಳಂತೆ ಸಿಂಗರಿಸಿ ನಿಲ್ಲಿಸುತ್ತಿದ್ದ ಕಾಲದಲ್ಲಿ, ವಯಸ್ಸಾದ ನಟಿಯೊಬ್ಬಳು ತನ್ನ ಪಾತ್ರವನ್ನು ತಾನೇ ಬರೆದುಕೊಂಡಳು ಎಂಬುದನ್ನು ನಾವು ಹೆಂಗಸರು ಗಮನಿಸದೆ ಮುಂದೆ ಹೋಗಬಾರದು.

ಕಥೆ ಗ್ರಾತ್ಸಿಯಾ ದೆಲೆದ್ದಾಳದು. ಸಾರ್ಡೀನಿಯಾ ದ್ವೀಪದ ನುವೊರೊ ಊರಿನವಳು. 1871ರಲ್ಲಿ ಹುಟ್ಟಿದ ಈಕೆಗೆ ಶಾಲೆಯ ಓದು ಸಿಕ್ಕಿದ್ದು ಪ್ರಾಥಮಿಕ ನಾಲ್ಕನೆಯ ತರಗತಿಯವರೆಗೆ ಮಾತ್ರ. ಹೆಣ್ಣುಮಕ್ಕಳಿಗೆ ಅಷ್ಟು ಸಾಕು ಎಂಬ ಕಾಲ. ಅಷ್ಟು ಓದಿನವಳು 1926ರ ನೊಬೆಲ್ ಸಾಹಿತ್ಯ ಪ್ರಶಸ್ತಿ ಪಡೆದಳು. ಆ ಪ್ರಶಸ್ತಿ ಪಡೆದ ಎರಡನೆಯ ಮಹಿಳೆ ಆಕೆ. ಮೊದಲನೆಯವಳು ಸ್ವೀಡನ್ನಿನ ಸೆಲ್ಮಾ ಲಾಗರ್‌ಲೋಫ್. 'ಚೆನೆರೆ' ಪುಸ್ತಕವಾಗಿ ಬಂದದ್ದು 1904ರಲ್ಲಿ.

ರೊಸಾಲಿಯಾ ಎಂಬ ಬಡ ಹುಡುಗಿ ಮದುವೆಯಾದ ಗಂಡಸೊಬ್ಬನ ಮಾತಿಗೆ ಮರುಳಾಗಿ ಬಸಿರಾಗುತ್ತಾಳೆ. ಮನೆಯಿಂದ ಹೊರಗೆ ಬೀಳುತ್ತಾಳೆ. ಬೆಟ್ಟದ ಊರಿನಲ್ಲಿ ಒಬ್ಬ ವಿಧವೆಯ ಆಸರೆಯಲ್ಲಿ ಮಗ ಅನಾನಿಯಾನನ್ನು ಕೆಲವು ವರ್ಷ ಸಾಕುತ್ತಾಳೆ. ಆಮೇಲೆ ಒಂದು ದಿನ ಅವನ ಕೊರಳಿಗೆ ತಾಯಿತ ಕಟ್ಟಿ, ಅವನ ತಂದೆ ಕೆಲಸ ಮಾಡುವ ಎಣ್ಣೆಗಾಣದ ಹತ್ತಿರ ಕರೆದುಕೊಂಡು ಹೋಗಿ ಬಿಟ್ಟು, ತಾನು ಕಾಣೆಯಾಗುತ್ತಾಳೆ. ತಂದೆಯ ಹತ್ತಿರ ಇದ್ದರೆ ಹುಡುಗನಿಗೆ ಒಂದು ನೆಲೆ, ಒಂದು ಹೆಸರು, ಓದು ಸಿಕ್ಕೀತು ಎಂಬ ಲೆಕ್ಕ. ಲೆಕ್ಕ ತಪ್ಪುವುದಿಲ್ಲ. ತಂದೆಯ ಹೆಂಡತಿ ಮಕ್ಕಳಿಲ್ಲದವಳು. ಮಲಮಗನನ್ನು ಮುದ್ದಿನಿಂದ ಸಾಕುತ್ತಾಳೆ. ಊರಿನ ಶ್ರೀಮಂತನೊಬ್ಬ ಓದಿಸುತ್ತಾನೆ. ಹುಡುಗ ದೊಡ್ಡ ಪಟ್ಟಣಕ್ಕೆ ಹೋಗಿ ಕಲಿಯುತ್ತಾನೆ. ಅದೇ ಶ್ರೀಮಂತನ ಮಗಳು ಮಾರ್ಗೆರಿತಾಳನ್ನು ಪ್ರೀತಿಸುತ್ತಾನೆ. ಇಷ್ಟೆಲ್ಲ ಸಿಕ್ಕರೂ ಅವನ ಮನಸ್ಸಿನಲ್ಲಿ ಒಂದು ಮುಳ್ಳು. ತನ್ನನ್ನು ಬಿಟ್ಟುಹೋದ ತಾಯಿ ಎಲ್ಲಿದ್ದಾಳೆ? ಹೇಗೆ ಬದುಕಿದ್ದಾಳೆ? ಕೊನೆಗೆ ಆಕೆ ಸಿಗುತ್ತಾಳೆ. ಬದುಕು ಜಜ್ಜಿಹಾಕಿದ, ಕಾಯಿಲೆಯ, ಭಿಕಾರಿಯಂಥ ಮುದುಕಿ. ಅಂಥವಳನ್ನು ಮನೆಗೆ ತಂದುಕೊಳ್ಳಲು ಮಾರ್ಗೆರಿತಾ ಒಪ್ಪುವುದಿಲ್ಲ. ಮಗನ ದಾರಿಗೆ ತಾನು ಅಡ್ಡ ಎಂದು ತಿಳಿದ ತಾಯಿ ಪ್ರಾಣ ಬಿಡುತ್ತಾಳೆ. ಮಗ ತಾಯಿತ ಬಿಚ್ಚಿ ನೋಡಿದರೆ ಒಳಗೆ ಬೂದಿ.

ತಾಯಿತ ಎಂಬ ನಮ್ಮ ಶಬ್ದದೊಳಗೆ ತಾಯಿ ಅಡಗಿ ಕುಳಿತಿರುವುದು ಬರಿಯ ಅಕ್ಷರದ ಆಕಸ್ಮಿಕವಿರಬಹುದು. ಆದರೂ ಕನ್ನಡದಲ್ಲಿ ಈ ಕಥೆಯನ್ನು ಹೇಳುವಾಗ ಅದು ಕೈಹಿಡಿದು ನಿಲ್ಲಿಸುತ್ತದೆ.

ಈಗ ಚಿತ್ರದ ವಿಚಾರ. ಡೂಸೆಯನ್ನು ನೋಡಲು ಬಂದ ಜನಕ್ಕೆ ಮೊದಲ ನಿರಾಸೆ ಎಂದರೆ ಡೂಸೆ ಕಾಣುವುದೇ ಇಲ್ಲ! ಹೆಚ್ಚು ಹೊತ್ತು ದೂರದಲ್ಲಿರುತ್ತಾಳೆ. ಹತ್ತಿರ ಬಂದರೆ ನೆರಳಿನಲ್ಲಿರುತ್ತಾಳೆ. ಬೆಳಕಿಗೆ ಬಂದರೆ ಮುಖ ಪಕ್ಕಕ್ಕೆ ತಿರುಗಿರುತ್ತದೆ, ಇಲ್ಲವೇ ತಲೆಯ ಮೇಲಿನ ವಸ್ತ್ರ ಅರ್ಧ ಮುಖ ಮುಚ್ಚಿರುತ್ತದೆ. ಕೂದಲಿಗೆ ಬಣ್ಣವಿಲ್ಲ, ಬಿಳಿಯದು ಬಿಳಿಯದಾಗಿಯೇ ಇದೆ. ತನ್ನನ್ನು ನೆರಳಿನಲ್ಲಿಡಿ, ಮುಖವನ್ನು ಹತ್ತಿರದಿಂದ ಹಿಡಿಯಬೇಡಿ ಎಂದು ಆಕೆಯೇ ಕೇಳಿಕೊಂಡಿದ್ದಳು. ಇದನ್ನು ಹಲವರು ಮುದುಕಿಯಾದ ಸುಂದರಿಯ ಸಂಕೋಚ ಎಂದು ತಿಳಿದರು. ವಯಸ್ಸು ಕಾಣದಿರಲಿ ಎಂಬ ಹೆಣ್ಣಿನ ಚಪಲ ಎಂದರು. ಈ ಮಾತಿಗೆ ನನ್ನ ಮೊದಲ ತಕರಾರು.

ವಯಸ್ಸು ಮರೆಸಬೇಕೆಂದಿದ್ದರೆ ಬಣ್ಣವಿತ್ತು, ವಿಗ್ಗು ಇತ್ತು. ಸಾರಾ ಬರ್ನಾರ್ಡ್ 1912ರಲ್ಲಿ, ಅರವತ್ತೇಳು ದಾಟಿದ ಮೇಲೂ, ರಾಣಿ ಎಲಿಜಬೆತ್ ಆಗಿ ತೆರೆಯ ಮೇಲೆ ಬಂದಾಗ ಭಾರಿ ಉಡುಪು ತೊಟ್ಟು, ಎರಡೂ ಕೈ ಬೀಸಿ, ಕೊನೆಗೆ ಮೆತ್ತೆಯ ರಾಶಿಯ ಮೇಲೆ ದೊಪ್ಪನೆ ಬಿದ್ದು ಸತ್ತಿದ್ದಳು. ಅದು ನಾಟಕ ಮಂದಿರದ ಕೊನೆಯ ಸಾಲಿಗೂ ಕಾಣಬೇಕಾದ ಅಭಿನಯ. ಡೂಸೆ ಮಾಡಿದ್ದು ಇದಕ್ಕೆ ತದ್ವಿರುದ್ಧ. ತನ್ನ ಬಿಳಿ ಕೂದಲು, ಸೋತ ಹೆಗಲು ಯಾವುದನ್ನೂ ಮುಚ್ಚದೆ, ಮುಚ್ಚಿಕೊಳ್ಳುವುದನ್ನೇ ಅಭಿನಯ ಮಾಡಿಕೊಂಡಳು. ರೊಸಾಲಿಯಾ ಯಾರು? ಜನರ ಕಣ್ಣಿಗೆ ಬೀಳಬಾರದು ಎಂದು ಬಾಳಿಡೀ ಗೋಡೆಗೆ ಅಂಟಿಕೊಂಡು ನಡೆದವಳು. ಅಂಥವಳು ಕ್ಯಾಮರಾದ ಮುಂದೆ ಎದೆಯೆತ್ತಿ ನಿಂತು ಕಣ್ಣರಳಿಸಿದ್ದರೆ ಪಾತ್ರ ಅಲ್ಲೇ ಸತ್ತುಹೋಗುತ್ತಿತ್ತು. ಮಗನ ಎದುರು ಬಂದಾಗ ಆಕೆಯ ಮುಖಕ್ಕಿಂತ ಕೈಗಳನ್ನು ನೋಡಬೇಕು. ಮುಟ್ಟಲೆಂದು ಏಳುತ್ತವೆ, ಮುಟ್ಟುವ ಹಕ್ಕು ತನಗಿಲ್ಲ ಎಂಬ ಅರಿವಿನಿಂದ ಹಿಂದಕ್ಕೆ ಬರುತ್ತವೆ. ಮಾತಿಲ್ಲದ ಚಿತ್ರದಲ್ಲಿ ಇದಕ್ಕಿಂತ ಸ್ಪಷ್ಟವಾದ ಮಾತು ಯಾವುದಿದೆ?

ಈ ಮುಖ ಮರೆಸುವಿಕೆ ನನಗೆ ಗುರುತಿನದು. ಮೂವತ್ತು ವರ್ಷ ಜೂನ್ ತಿಂಗಳ ದಾಖಲಾತಿ ಮೇಜಿನ ಹಿಂದೆ ಕುಳಿತವಳು ನಾನು. ಅರ್ಜಿಯಲ್ಲಿ ತಂದೆಯ ಹೆಸರು ಎಂಬ ಜಾಗ ಬಂದಾಗ ಸೆರಗಿನ ಅಂಚನ್ನು ಬಾಯಿಗೆ ಅಡ್ಡ ಹಿಡಿದು ನೆಲ ನೋಡಿದ ತಾಯಂದಿರನ್ನು ಕಂಡಿದ್ದೇನೆ. ಪಾಲಕರ ಸಭೆಗೆ ಬಂದರೂ ಒಳಗೆ ಬಾರದೆ, ಹಜಾರದ ಕಂಬದ ಮರೆಯಲ್ಲಿ ನಿಂತು ಮಗನ ಹೆಸರು ಕರೆಯುವುದನ್ನು ಕೇಳಿಕೊಂಡು ಹೊರಟುಹೋದವರಿದ್ದಾರೆ. ಯಾಕಮ್ಮಾ, ಒಳಗೆ ಬಾ ಎಂದರೆ, "ಬ್ಯಾಡ್ರೀ ಅಕ್ಕಾರ, ಹುಡುಗಗ ಸೇರೂದಿಲ್ಲ" ಎನ್ನುವ ಉತ್ತರ. ಅವರು ಯಾರೂ ನಟಿಯರಲ್ಲ. ಆದರೆ ಡೂಸೆ ಆ ವಸ್ತ್ರವನ್ನು ಮುಖಕ್ಕೆಳೆದುಕೊಳ್ಳುವ ರೀತಿಗೂ ಇವರು ಸೆರಗು ಹಿಡಿಯುವ ರೀತಿಗೂ ಎಳ್ಳಷ್ಟೂ ವ್ಯತ್ಯಾಸವಿಲ್ಲ. ಆದ್ದರಿಂದಲೇ ಅದನ್ನು ಮುದುಕಿಯ ಸಂಕೋಚ ಎಂದವರು ಇಂಥ ಹೆಂಗಸರನ್ನು ಬಾಳಿನಲ್ಲಿ ನೋಡೇ ಇಲ್ಲ ಎಂದು ನನಗನ್ನಿಸುತ್ತದೆ.

ಹಾಗೆಂದು ಚಿತ್ರದಲ್ಲಿ ಕೊರತೆಯಿಲ್ಲ ಎನ್ನುವಂತಿಲ್ಲ. ಮೊದಲನೆಯದು ಫೆಬೊ ಮಾರಿಯ ಅಭಿನಯ. ನಿರ್ದೇಶಕನಾಗಿ ಅವನು ತೋರಿದ ಸಂಯಮ ನಟನಾಗಿ ಅವನಿಗೆ ಬರಲಿಲ್ಲ. ಮೂವತ್ತು ದಾಟಿದ ಈ ಮಗ ಕಣ್ಣು ಹೊರಳಿಸುತ್ತಾನೆ, ಹಣೆಗೆ ಕೈ ಒತ್ತುತ್ತಾನೆ, ದುಃಖವನ್ನು ತೂಕ ಹಾಕಿ ತೋರಿಸುತ್ತಾನೆ. ಒಂದೇ ಚೌಕಟ್ಟಿನಲ್ಲಿ ಎರಡು ಕಾಲದ ಅಭಿನಯ ಎದುರುಬದುರಾದಂತೆ ಕಾಣುತ್ತದೆ. ಅವನದು ಆ ದಿನಗಳ ರೂಢಿ, ಆಕೆಯದು ಮುಂದೆ ಎಷ್ಟೋ ವರ್ಷಗಳ ನಂತರ ಸಿನಿಮಾ ಕಲಿಯಬೇಕಾಗಿದ್ದ ಪಾಠ. ಎರಡನೆಯ ಕೊರತೆ, ಕಾದಂಬರಿಯ ದೊಡ್ಡ ಬಾಳನ್ನು ಇಷ್ಟು ಚಿಕ್ಕ ಚಿತ್ರಕ್ಕೆ ಇಳಿಸುವಾಗ ತಾಯಿ ಮಗ ಇಬ್ಬರೇ ಉಳಿದು, ಬೇರೆಯವರು ನೆರಳುಗಳಾದರು. ಮಲಮಗನನ್ನು ಸಾಕಿದ ಆ ತಾಯಿಯಂಥ ಹೆಂಗಸು ಕಾದಂಬರಿಯಲ್ಲಿ ತುಂಬಿದ ಜೀವ. ಮಾರ್ಗೆರಿತಾ ಕೂಡ ಬರಿಯ ಕಲ್ಲೆದೆಯ ಶ್ರೀಮಂತ ಹುಡುಗಿಯಲ್ಲ, ಅವಳಿಗೂ ಒಂದು ಭಯ, ಒಂದು ಲೆಕ್ಕ ಇದ್ದೀತು. ಅವರಿಗೆ ಜಾಗ ಸಿಕ್ಕಿದ್ದರೆ ಚಿತ್ರದ ನ್ಯಾಯ ಇನ್ನಷ್ಟು ಸರಿಯಾಗುತ್ತಿತ್ತು.

ನನ್ನ ದೊಡ್ಡ ಜಗಳ ಇರುವುದು ಕಥೆಯ ಕೊನೆಯ ಜೊತೆಗೆ. ತಾಯಿ ಯಾಕೆ ಸಾಯಬೇಕು? ಅವಳು ಮಾಡಿದ ಅಪರಾಧವಾದರೂ ಏನು? ಬಸಿರು ಮಾಡಿದ ಗಂಡಸು ಗಾಣದ ಮನೆಯಲ್ಲಿ ಹೆಂಡತಿಯೊಂದಿಗೆ ಸುಖವಾಗಿಯೇ ಇದ್ದಾನೆ. ಅವನನ್ನು ಮಗ ಅಪ್ಪ ಎಂದು ಕರೆಯುತ್ತಾನೆ. ಅವನಿಂದಾಗಿ ಮದುವೆಗೆ ಅಡ್ಡಿಯಾಯಿತು ಎಂದು ಯಾರೂ ಹೇಳುವುದಿಲ್ಲ. ಓದಿ ಬಂದ ಮಗನೂ ಪ್ರೀತಿಯಿಂದ ತಾಯಿಯನ್ನು ಇಟ್ಟುಕೊಳ್ಳಲು ಹೊರಡುವುದಿಲ್ಲ, ಅದು ತನ್ನ ಕರ್ತವ್ಯ ಎಂದು ಹೊರಡುತ್ತಾನೆ. ಕಾದಂಬರಿಯಲ್ಲಿ ಅವನು ಆಕೆಯನ್ನು ಗದರುತ್ತಾನೆ, ಹೋಗಕೂಡದೆಂದು ಕಟ್ಟಿಹಾಕುತ್ತಾನೆ. ಆಕೆ ಕೇಳಿಕೊಳ್ಳುವುದು ಒಂದೇ, ನನ್ನನ್ನು ನನ್ನ ಪಾಡಿಗೆ ಹೋಗಲು ಬಿಡು ಎಂದು. ಪ್ರೀತಿಯಿಲ್ಲದ ಕರ್ತವ್ಯ ಎಷ್ಟು ಕ್ರೂರವಾಗಬಲ್ಲದು ಎಂಬುದನ್ನು ದೆಲೆದ್ದಾ ಚೆನ್ನಾಗಿ ಬಲ್ಲಳು. ಅದು ಆಕೆಯ ದೊಡ್ಡತನ. ಆದರೂ ಕೊನೆಗೆ ಲೆಕ್ಕ ಚುಕ್ತಾ ಮಾಡುವವಳು ತಾಯಿಯೇ. ಓದಿದವನ ಓದಿನ ಸಾಲವನ್ನು ಅನಕ್ಷರಸ್ಥ ತಾಯಿ ತನ್ನ ಪ್ರಾಣದಿಂದ ತೀರಿಸಬೇಕು! ತ್ಯಾಗಮಯಿ ಎಂದು ಇಂಥ ಸಾವಿಗೆ ಹೂ ಏರಿಸುವುದು ನಮಗೂ ರೂಢಿಯೇ. ಆ ಹೂವಿನಲ್ಲಿ ಪಾಲು ಕೊಡಲು ನಾನು ಸಿದ್ಧಳಿಲ್ಲ.

ಇಲ್ಲಿ ಇನ್ನೊಂದು ಪಾತ್ರವನ್ನು ನೆನೆಯಬೇಕು. ಇಬ್ಸೆನ್ನನ ನೋರಾಳನ್ನು 1891ರಲ್ಲಿ ಮಿಲಾನಿನಲ್ಲಿ ಆಡಿ ತೋರಿಸಿದವಳು ಇದೇ ಡೂಸೆ. ನೋರಾ ಕೂಡ ಮಕ್ಕಳನ್ನು ಬಿಟ್ಟುಹೋದ ತಾಯಿ. ಅವಳು ಎಳೆದುಕೊಂಡ ಬಾಗಿಲಿನ ಸದ್ದು ಇಡೀ ಯುರೋಪಿಗೆ ಕೇಳಿಸಿತು. ಹೆಣ್ಣಿನ ಬಿಡುಗಡೆಯ ಮಾತು ಬಂದಾಗಲೆಲ್ಲ ಈಗಲೂ ಅದನ್ನೇ ಹೇಳುತ್ತೇವೆ. ರೊಸಾಲಿಯಾ ಮಗನನ್ನು ಬಿಟ್ಟು ನಡೆದಾಗ ಯಾವ ಸದ್ದೂ ಆಗಲಿಲ್ಲ. ಎಳೆದುಕೊಳ್ಳಲು ಅವಳಿಗೊಂದು ಬಾಗಿಲೇ ಇರಲಿಲ್ಲವಲ್ಲ! ನೋರಾ ತನ್ನನ್ನು ತಾನು ಕಂಡುಕೊಳ್ಳಲು ಹೊರಟಳು. ಅವಳ ಮಕ್ಕಳಿಗೆ ಮನೆ ಇತ್ತು, ದಾದಿ ಇದ್ದಳು, ತಂದೆಗೆ ಬ್ಯಾಂಕಿನ ಕೆಲಸವಿತ್ತು. ರೊಸಾಲಿಯಾ ಹೊರಟದ್ದು ಮಗನಿಗೆ ಮನೆ ಸಿಗಲಿ ಎಂದು. ಬಿಟ್ಟುಹೋಗುವುದು ಒಬ್ಬಳ ಪಾಲಿಗೆ ಸ್ವಾತಂತ್ರ್ಯ, ಇನ್ನೊಬ್ಬಳ ಪಾಲಿಗೆ ದುಡಿಮೆಯ ಇನ್ನೊಂದು ರೂಪ. ಮೊದಲನೆಯದಕ್ಕೆ ಚರ್ಚೆ, ಎರಡನೆಯದಕ್ಕೆ ಕಳಂಕ. ಡೂಸೆ ಈ ಎರಡೂ ಪಾತ್ರಗಳನ್ನು ಒಂದೇ ದೇಹದಲ್ಲಿ ಹೊತ್ತವಳು. ಮೊದಲನೆಯದನ್ನು ಮೂವತ್ತೆರಡರಲ್ಲಿ ಆಡಿದಳು, ಎರಡನೆಯದನ್ನು ಐವತ್ತೆಂಟರಲ್ಲಿ ತಾನೇ ಆರಿಸಿಕೊಂಡು ಬರೆದಳು. ವಯಸ್ಸು ಆಕೆಯನ್ನು ಎಲ್ಲಿಗೆ ತಂದು ನಿಲ್ಲಿಸಿತು ಎಂಬುದಕ್ಕೆ ಬೇರೆ ಸಾಕ್ಷಿ ಬೇಡ.

ಯಾಕೆ ಆರಿಸಿಕೊಂಡಳು ಎಂಬುದಕ್ಕೆ ಆಕೆಯ ಬಾಳಿನಲ್ಲೇ ಉತ್ತರದ ಎಳೆಗಳಿವೆ. ಉಳಿಯದ ಆ ಮೊದಲ ಮಗುವಿನ ಮಾತು ಆಗಲೇ ಬಂತು. 1881ರಲ್ಲಿ ಸಹನಟನೊಬ್ಬನನ್ನು ಮದುವೆಯಾಗಿ, ಮರುವರ್ಷ ಎನ್ರಿಕೆತ್ತಾ ಎಂಬ ಮಗಳನ್ನು ಹೆತ್ತಳು. ಮದುವೆ ನಾಲ್ಕೇ ವರ್ಷದಲ್ಲಿ ಮುರಿಯಿತು. ದುಡಿಮೆಗಾಗಿ ದೇಶದೇಶ ಸುತ್ತಬೇಕು, ಮಗಳು ಮಾತ್ರ ರಂಗದ ಧೂಳು ತಾಗದೆ ಬೆಳೆಯಬೇಕು. ಹಾಗಾಗಿ ಹುಡುಗಿ ವಸತಿ ಶಾಲೆಗಳಲ್ಲಿ ಬೆಳೆದಳು. ತಾಯಿಯ ಅಭಿನಯ ನೋಡಲು ಜಗತ್ತೇ ಬಂದರೂ ಮಗಳು ದೂರವಿದ್ದಳು. ತಾಯಿಯ ಲೆಕ್ಕ ಇಲ್ಲಿಯೂ ತಪ್ಪಲಿಲ್ಲ. ಎನ್ರಿಕೆತ್ತಾ 1908ರಲ್ಲಿ ಕೇಂಬ್ರಿಡ್ಜಿನ ವಿದ್ವಾಂಸರೊಬ್ಬರನ್ನು ಮದುವೆಯಾಗಿ ಇಂಗ್ಲೆಂಡಿನಲ್ಲಿ ಗೌರವದ ಸಂಸಾರ ಮಾಡಿದಳು. ಮಗು ಒಳ್ಳೆಯ ಸ್ಥಿತಿಗೆ ಬರಲಿ ಎಂದು ಮಗುವನ್ನೇ ದೂರವಿಟ್ಟ ತಾಯಿಯ ಸಂಕಟವನ್ನು ಡೂಸೆ ಪುಸ್ತಕ ಓದಿ ಕಲಿಯಬೇಕಾಗಿರಲಿಲ್ಲ. ಮುಟ್ಟಲು ಎದ್ದು ಹಿಂದಕ್ಕೆ ಬರುವ ಆ ಕೈಗಳು ನಟನೆಯ ಶಾಲೆಯಲ್ಲಿ ಕಲಿತವಲ್ಲ.

ಚಿತ್ರ ತೆರೆಕಂಡಾಗ ಜನ ಮುಗಿಬೀಳಲಿಲ್ಲ. ಯುದ್ಧದ ದಿನಗಳು. ದೀವಾಗಳ ರೇಷ್ಮೆಗೆ ಒಗ್ಗಿದ ಕಣ್ಣಿಗೆ ಈ ಕಪ್ಪು ಬಟ್ಟೆಯ ಮುದುಕಿ ಎಲ್ಲಿ ಹಿಡಿಸಬೇಕು? ಡೂಸೆಗೂ ತೃಪ್ತಿಯಾಗಲಿಲ್ಲ. ಮತ್ತೆ ಆಕೆ ಸಿನಿಮಾದಲ್ಲಿ ಕಾಣಿಸಲಿಲ್ಲ. ಹೀಗೆ ಆಕೆಯ ಸಿನಿಮಾ ಬಾಳು ಒಂದೇ ಚಿತ್ರಕ್ಕೆ ಮುಗಿಯಿತು. ಆದರೆ ಆ ಚಿತ್ರ ಆಕೆಯಲ್ಲಿ ಮುಗಿಯಲಿಲ್ಲ ಎಂಬುದು ನನ್ನ ಎಣಿಕೆ. ಕೈಯಲ್ಲಿ ಹಣ ಕರಗಿದ್ದಾಗ, 1921ರ ಮೇ ತಿಂಗಳಲ್ಲಿ, ಅದೇ ತುರಿನ್ ಪಟ್ಟಣದಲ್ಲಿ ಇಬ್ಸೆನ್ನನ ಕಡಲಿನ ಹೆಣ್ಣಾಗಿ ಮತ್ತೆ ರಂಗವೇರಿದಳು. ಅದೇ ಬಿಳಿಯ ಕೂದಲು, ಅದೇ ಬಣ್ಣವಿಲ್ಲದ ಮುಖ. ಆಮೇಲೆ ಆಡಿದ ಪಾತ್ರಗಳನ್ನು ನೋಡಿ. ಇಬ್ಸೆನ್ನನ 'ಪ್ರೇತಗಳು' ನಾಟಕದ ಆಲ್ವಿಂಗ್ ಎಂಬ ತಾಯಿ, ಗಲ್ಲಾರಾತಿ ಸ್ಕೋತಿಯ ನಾಟಕದಲ್ಲಿ ಮಗನಿಗಾಗಿ ಹರಕೆ ಹೊತ್ತ ತಾಯಿ, ಮಾರ್ಕೊ ಪ್ರಾಗಾನ 'ಮುಚ್ಚಿದ ಬಾಗಿಲು' ನಾಟಕದಲ್ಲಿ ಮಗನನ್ನು ದೂರ ಕಳಿಸಿಕೊಡಬೇಕಾದ ತಾಯಿ. ತಾಯಿಯ ಬಳಿಕ ತಾಯಿ! ಅವರೆಲ್ಲರ ಹಿಂದೆ ರೊಸಾಲಿಯಾ ನಿಂತಿದ್ದಾಳೆ.

1923ರ ಜುಲೈನಲ್ಲಿ ಅಮೆರಿಕದ 'ಟೈಮ್' ಪತ್ರಿಕೆ ತನ್ನ ಮುಖಪುಟದಲ್ಲಿ ಮೊದಲ ಬಾರಿ ಒಬ್ಬ ಹೆಂಗಸಿನ ಚಿತ್ರ ಹಾಕಿತು. ಆ ಹೆಂಗಸು ಡೂಸೆ. ಕ್ಯಾಮರಾಕ್ಕೆ ಮುಖ ಕೊಡಲು ಹಿಂಜರಿದವಳ ಮುಖ! ಮರುವರ್ಷ ಲಾಸ್ ಏಂಜಲೀಸಿನಲ್ಲಿ ಆಕೆಯ ನಾಟಕ ನೋಡಿದ ಚಾರ್ಲಿ ಚಾಪ್ಲಿನ್ ಪತ್ರಿಕೆಯಲ್ಲಿ ಮನಸಾರೆ ಹೊಗಳಿದ. ಮೂಕಿ ಚಿತ್ರದ ದೊರೆ ಎನಿಸಿಕೊಂಡವನಿಗೆ, ಮಾತಿನ ನಾಟಕದಲ್ಲೂ ಆಕೆಯ ಮೌನವೇ ಹಿಡಿಸಿದ್ದರೆ ಆಶ್ಚರ್ಯವೇನಿದೆ? ಅದೇ ಪ್ರವಾಸದಲ್ಲಿ ಪಿಟ್ಸ್‌ಬರ್ಗ್ ಪಟ್ಟಣದಲ್ಲಿ 'ಮುಚ್ಚಿದ ಬಾಗಿಲು' ಆಡಿದ್ದೇ ಆಕೆಯ ಕೊನೆಯ ಆಟವಾಯಿತು. 1924ರ ಏಪ್ರಿಲ್ 21ರಂದು, ಅರವತ್ತೈದನೆಯ ವಯಸ್ಸಿನಲ್ಲಿ, ಆ ಪರಊರಿನ ಹೋಟೆಲಿನಲ್ಲಿ ತೀರಿಕೊಂಡಳು. ದಾರಿಯಲ್ಲಿ ಹುಟ್ಟಿ ದಾರಿಯಲ್ಲೇ ಮುಗಿದ ಬಾಳು. ದೇಹವನ್ನು ಇಟಲಿಗೆ ತಂದು ಆಕೆ ಇಷ್ಟಪಟ್ಟ ಆಸೊಲೊ ಎಂಬ ಬೆಟ್ಟದ ಊರಿನಲ್ಲಿ ಮಣ್ಣು ಮಾಡಿದರು.

ರಂಗದ ಮೇಲೆ ಆಕೆ ಮಾಡಿದ್ದೆಲ್ಲ ನೋಡಿದವರೊಂದಿಗೇ ಹೋಯಿತು. ಷಾ ಕಂಡ ಆ ಕೆಂಪೇರಿದ ಮುಖ ನಮಗೆ ಬರಿಯ ಮಾತು. ನಮ್ಮ ಕಣ್ಣಿಗೆ ಉಳಿದಿರುವ ಡೂಸೆ ಎಂದರೆ ಈ ನಲವತ್ತು ನಿಮಿಷದೊಳಗಿನವಳು ಮಾತ್ರ. ತಾಯಿತದಲ್ಲಿ ಉಳಿದ ಬೂದಿಯಂತೆ. ಅದನ್ನು ಸೋತ ಚಿತ್ರ ಎಂದು ಬದಿಗಿಡುವುದು ಸುಲಭ. ಕಥೆಯ ಕೊನೆಯನ್ನು ಒಪ್ಪದೆಯೂ ಚಿತ್ರವನ್ನು ನೋಡಬಹುದು, ನೋಡಬೇಕು ಎಂಬುದು ನನ್ನ ಅಭಿಪ್ರಾಯ. ಕಥೆ ಆ ತಾಯಿಗೆ ಸಾಯಲು ಹೇಳುತ್ತದೆ. ಡೂಸೆಯ ಕೈಗಳು ಮಾತ್ರ ಕೊನೆಯವರೆಗೂ ಅದಕ್ಕೆ ಒಪ್ಪಿಗೆ ಕೊಟ್ಟಂತೆ ಕಾಣುವುದಿಲ್ಲ. ಬರೆದದ್ದನ್ನು ಮೀರಿ ಅವು ಏನೋ ಕೇಳುತ್ತಲೇ ಇರುತ್ತವೆ. ಆ ಪ್ರಶ್ನೆಗೆ ಉತ್ತರ ಕೊಡಬೇಕಾದವರು ತಾಯಂದಿರಲ್ಲ, ಓದಿ ದೊಡ್ಡವರಾದ ಮಕ್ಕಳು. ಅವರಿಗೆ ಅಕ್ಷರ ಕಲಿಸಿದ ನಮ್ಮಂಥವರೂ ಸೇರಿದಂತೆ.